ಹೊರಡುವವನ ಕಾಗದ: ಕೊಡಗಿನ ತೋಟದಿಂದ ಕೊಲ್ಲಿ ನಾಡುಗಳವರೆಗೆ

ದುಡಿಮೆಗಾಗಿ ನಾಡನ್ನು ಬಿಟ್ಟು ಹೋಗುವುದು ಬಹು ಪುರಾತನವಾದ ಸಂಗತಿ. ಆದರೆ ಹಾಗೆ ಹೋಗುವವನು ಹೊರಡುವ ಮುನ್ನ ಸರ್ಕಾರದ ಅಧಿಕಾರಿಯ ಅನುಮತಿಯನ್ನು ಬರಹದಲ್ಲಿ ಪಡೆಯಬೇಕೆಂಬ ನಿಯಮಕ್ಕೆ ಭಾರತದಲ್ಲಿ ಇನ್ನೂ ಎರಡು ಶತಮಾನ ತುಂಬಿಲ್ಲ. ಈ ನಿಯಮದ ಚರಿತ್ರೆಯನ್ನು ಕಲ್ಕತ್ತ, ಮದರಾಸು, ಮುಂಬಯಿಗಳ ಬಂದರುಗಳಿಂದ ನೋಡುವುದು ವಾಡಿಕೆ. ಪ್ರಸ್ತುತ ಲೇಖನದಲ್ಲಿ ಅದನ್ನು ಸಮುದ್ರದಿಂದ ದೂರವಿರುವ ಕೊಡಗಿನ ನೆಲ್ಯಹುದಿಕೇರಿಯಂಥ ಗ್ರಾಮವೊಂದರಿಂದ ನೋಡಲು ಯತ್ನಿಸಿದೆ. ಹಾಗೆ ನೋಡಿದಾಗ ಒಂದು ಪ್ರಶ್ನೆ ಮುಖ್ಯವಾಗಿ ನಮ್ಮೆದುರು ನಿಲ್ಲುತ್ತದೆ: ದುಡಿಮೆಗಾರನ ರಕ್ಷಣೆಗೆಂದು ಹುಟ್ಟಿದ ಕಾಗದವು ಯಾರ ಕೈಯಲ್ಲಿದೆ? ಅದು ಅವನ ಕೈಯಲ್ಲಿದ್ದಾಗ ರಕ್ಷಣೆಯಾಗುತ್ತದೆ. ಬೇರೊಬ್ಬರ ಕೈಗೆ ಹೋದಾಗ ಅದೇ ಬಂಧನವಾಗುತ್ತದೆ. ರಜೆಯ ಮೇಲೆ ಊರಿಗೆ ಬಂದು ಮತ್ತೆ ಹೊರಡಬೇಕಾದವನ ಸ್ಥಿತಿಯಲ್ಲಿ ಈ ವ್ಯತ್ಯಾಸವು ಎಲ್ಲಕ್ಕಿಂತ ಸ್ಪಷ್ಟವಾಗಿ ಕಾಣುತ್ತದೆ.

ನೆಲ್ಯಹುದಿಕೇರಿಯು ಕಾವೇರಿಯ ದಡದಲ್ಲಿ, ಕುಶಾಲನಗರದಿಂದ ಸಿದ್ದಾಪುರಕ್ಕೆ ಹೋಗುವ ಮಾರ್ಗದಲ್ಲಿರುವ ಊರು. ಸುತ್ತಲೂ ಕಾಫಿ ಮತ್ತು ಮೆಣಸಿನ ತೋಟಗಳು. ತೋಟಗಳ ನಡುವೆ ಕೂಲಿಗಾರರ ಲೈನ್ ಮನೆಗಳು. ಮಲಬಾರಿನಿಂದ, ಮೈಸೂರು ಸೀಮೆಯಿಂದ, ದಕ್ಷಿಣ ಕನ್ನಡದಿಂದ ಬಂದು ನೆಲೆಸಿದ ಕುಟುಂಬಗಳು ಈ ಪ್ರದೇಶದ ಜನಜೀವನದಲ್ಲಿ ಬೆರೆತುಹೋಗಿವೆ. ಹೊರಗಿನಿಂದ ಜನರನ್ನು ಬರಮಾಡಿಕೊಂಡ ಈ ನಾಡು ಕಳೆದ ಕೆಲವು ದಶಕಗಳಲ್ಲಿ ತಾನೇ ಜನರನ್ನು ಹೊರಕ್ಕೆ ಕಳುಹಿಸುತ್ತಿದೆ. ಸೌದಿ ಅರೇಬಿಯ, ದುಬೈ, ಕತಾರ್, ಒಮಾನ್‌ಗಳಲ್ಲಿ ದುಡಿಯುವವರ ಮನೆಗಳು ಇಲ್ಲಿನ ಊರುಗಳಲ್ಲಿವೆ. ಬರುವವನ ಕಾಗದ, ಹೊರಡುವವನ ಕಾಗದ ಇವೆರಡನ್ನೂ ಒಂದೇ ನೆಲದಲ್ಲಿ ನಿಂತು ಪರಿಶೀಲಿಸುವ ಅವಕಾಶ ಆದುದರಿಂದ ಇಲ್ಲಿ ದೊರೆಯುತ್ತದೆ.

ಮೊದಲು ಬರುವವನ ಕಾಗದವನ್ನು ನೋಡೋಣ. ಕೊಡಗು 1834ರಲ್ಲಿ ಇಂಗ್ಲಿಷರ ವಶವಾಯಿತು. 1854ರಲ್ಲಿ ಜಾನ್ ಫೌಲರ್ ಎಂಬಾತನು ಮಡಿಕೇರಿಯ ಬಳಿ ಕಾಫಿ ತೋಟವನ್ನು ತೆರೆದನು. ಅಲ್ಲಿಂದ ಮುಂದೆ ಐರೋಪ್ಯರ ತೋಟಗಳು ಬೇಗಬೇಗನೆ ಹಬ್ಬಿದವು. ತೋಟಕ್ಕೆ ಆಳುಗಳನ್ನು ಕೂಡಿಸಿ ತರುವವನು ಮೇಸ್ತ್ರಿ. ಅವನ ಸಾಧನ ಮುಂಗಡ ಹಣ. ಮುಂಗಡ ಪಡೆದು ಕೆಲಸ ಬಿಟ್ಟವನನ್ನು 1859ರ ಕರಾರುಭಂಗದ ಕಾಯಿದೆಯಂತೆ ಮ್ಯಾಜಿಸ್ಟ್ರೇಟರ ಮುಂದೆ ನಿಲ್ಲಿಸಬಹುದಾಗಿತ್ತು. ಹಣ ಹಿಂದಿರುಗಿಸಬೇಕು ಅಥವಾ ಕೆಲಸ ಮುಗಿಸಬೇಕು. ಎರಡಕ್ಕೂ ತಪ್ಪಿದರೆ ಮೂರು ತಿಂಗಳವರೆಗೆ ಸೆರೆ. ಮುಂಗಡದ ಕರಾರು ಬರಹದಲ್ಲಿತ್ತು; ಬರಹವು ತೋಟದ ದಫ್ತರಿನಲ್ಲಿತ್ತು; ಹೆಬ್ಬೆಟ್ಟು ಮಾತ್ರ ಕೂಲಿಯದು. ಈ ಕಾಯಿದೆಯು 1926ರಲ್ಲಿ ಕೊನೆಗೊಂಡಿತಾದರೂ, ಹೆಬ್ಬೆಟ್ಟಿನ ಮನುಷ್ಯನು ಕಾಗದದ ಮುಂದೆ ಪಡುವ ಅಂಜಿಕೆ ಅದರೊಡನೆ ಕೊನೆಗೊಳ್ಳಲಿಲ್ಲ.

ಕೊಡಗು ಇಂಗ್ಲಿಷರ ವಶವಾದ 1834ರಲ್ಲಿಯೇ ‘ಅಟ್ಲಾಸ್’ ಎಂಬ ಹಡಗು ಕರಾರಿನ ಕೂಲಿಗಳನ್ನು ಹೊತ್ತು ಮಾರಿಷಸ್ ದ್ವೀಪವನ್ನು ಸೇರಿತು. ಗುಲಾಮಗಿರಿಯ ನಿಷೇಧದಿಂದ ಬರಿದಾದ ಕಬ್ಬಿನ ತೋಟಗಳಿಗೆ ಭಾರತದ ಕೂಲಿಗಳು ಬೇಕಾಗಿದ್ದರು. 1837ರ ಶಾಸನವು, ಹಾಗೆ ಹೊರಡುವವನು ತನ್ನನ್ನು ಕರೆದೊಯ್ಯುವ ಏಜೆಂಟನೊಡನೆ ಸರ್ಕಾರಿ ಅಧಿಕಾರಿಯ ಮುಂದೆ ಹಾಜರಾಗಬೇಕೆಂದೂ, ಕರಾರಿನ ಷರತ್ತುಗಳು ಬರಹದಲ್ಲಿರಬೇಕೆಂದೂ ವಿಧಿಸಿತು. ನಮ್ಮ ಇಂದಿನ ಹೊರಡುವ ಅನುಮತಿಯ ಮೂಲ ಇಲ್ಲಿದೆ. ಕೂಲಿಗಳಿಗಾಗುತ್ತಿದ್ದ ಮೋಸ ಹಾಗೂ ಹಿಂಸೆಗಳ ವರದಿಗಳಿಂದಾಗಿ 1839ರಲ್ಲಿ ಇಂಥ ವಲಸೆಯೇ ನಿಷಿದ್ಧವಾಯಿತು. 1842ರಲ್ಲಿ ಮಾರಿಷಸ್ಸಿಗೆ ಅದು ಪುನಃ ತೆರೆಯಿತು. ಬಳಿಕ 1864, 1871, 1883, 1908ರ ಶಾಸನಗಳು ಒಂದರ ಮೇಲೊಂದು ಬಂದವು. ‘ವಲಸೆಗಾರರ ರಕ್ಷಕ’ ಎಂಬ ಅಧಿಕಾರಸ್ಥಾನವು ಈ ಕಾಲದಲ್ಲಿ ಬೇರೂರಿತು.

ಆದರೆ ಹೊರಡುವಲ್ಲಿ ರಕ್ಷಣೆ ನೀಡಿದ ಕಾಗದವು ಸೇರಿದಲ್ಲಿ ಬೇರೆಯೇ ರೂಪವನ್ನು ತಾಳಿತು. ಮಾರಿಷಸ್ಸಿನಲ್ಲಿ 1867ರ ಶಾಸನದಂತೆ ಕರಾರು ಮುಗಿಸಿದ ಭಾರತೀಯನೂ ತನ್ನ ಭಾವಚಿತ್ರವಿದ್ದ ಚೀಟಿಯನ್ನು ಸದಾ ಬಳಿಯಲ್ಲಿಟ್ಟುಕೊಂಡೇ ತಿರುಗಾಡಬೇಕಾಯಿತು. ಚೀಟಿ ಇಲ್ಲದವನು ಅಲೆಮಾರಿಯೆಂಬ ಅಪರಾಧಕ್ಕೆ ಗುರಿಯಾಗುತ್ತಿದ್ದನು. ಕರಾರಿನ ಕೂಲಿ ವಲಸೆಯು 1917ರಲ್ಲಿ ನಿಂತಿತು. 1922ರ ವಲಸೆ ಕಾಯಿದೆಯು ಕುಶಲ ಕೆಲಸ, ಅಕುಶಲ ಕೆಲಸ ಎಂಬ ವಿಂಗಡಣೆಯನ್ನು ಮಾಡಿ, ಅಕುಶಲ ಕೆಲಸಗಾರನು ಸರ್ಕಾರ ಗೊತ್ತುಪಡಿಸಿದ ನಾಡುಗಳಿಗೆ ಮಾತ್ರ ಹೋಗಬಹುದೆಂದಿತು. ಕಾಗದವು ಎಲ್ಲರಿಗೂ ಒಂದೇ ಅಲ್ಲ, ಮನುಷ್ಯನ ತರಗತಿಯನ್ನು ನೋಡಿ ಅದು ಬದಲಾಗುತ್ತದೆ ಎಂಬ ತತ್ತ್ವವು ಹೀಗೆ ಸ್ಥಿರವಾಯಿತು.

ಸ್ವಾತಂತ್ರ್ಯಾನಂತರ ಈ ತತ್ತ್ವಕ್ಕೆ ಎದುರಾಗಿ ಇನ್ನೊಂದು ತತ್ತ್ವವು ತಲೆಯೆತ್ತಿತು. ಸತ್ವಂತ್ ಸಿಂಗ್ ಸಾಹ್ನಿಯವರ ಮೊಕದ್ದಮೆಯಲ್ಲಿ ಸರ್ವೋಚ್ಚ ನ್ಯಾಯಾಲಯವು 1967ರಲ್ಲಿ, ಹೊರನಾಡಿಗೆ ಹೋಗುವ ಹಕ್ಕು ಸಂವಿಧಾನದ 21ನೆಯ ಅನುಚ್ಛೇದದಲ್ಲಿ ಹೇಳಿರುವ ವ್ಯಕ್ತಿಸ್ವಾತಂತ್ರ್ಯದಲ್ಲಿ ಅಡಕವಾಗಿದೆಯೆಂದು ತೀರ್ಪು ನೀಡಿತು. ಅದೇ ವರ್ಷ ಪಾಸ್‌ಪೋರ್ಟ್ ಕಾಯಿದೆ ಬಂದಿತು. ಅದುವರೆಗೆ ರಹದಾರಿಯು ಸರ್ಕಾರದ ಇಚ್ಛೆಗೆ ಬಿಟ್ಟ ಅನುಗ್ರಹವಾಗಿತ್ತು. ಈಗ ಅದನ್ನು ನಿರಾಕರಿಸಬೇಕಾದರೆ ಕಾಯಿದೆಯಲ್ಲಿ ಆಧಾರವಿರಬೇಕಾಯಿತು. 1978ರ ಮೇನಕಾ ಗಾಂಧಿಯವರ ಮೊಕದ್ದಮೆಯ ತೀರ್ಪು ಈ ಹಕ್ಕನ್ನು ಇನ್ನಷ್ಟು ಬಲಪಡಿಸಿತು. ಆದರೆ ದುಡಿಮೆಗೆಂದು ಹೋಗುವವನಿಗೆ ಪಾಸ್‌ಪೋರ್ಟೊಂದೇ ಸಾಲದು ಎಂಬ ಹಳೆಯ ನಿಯಮವು ಉಳಿದೇ ಇತ್ತು.

1973ರ ತರುವಾಯ ಎಣ್ಣೆಯ ಬೆಲೆ ಏರಿ, ಕೊಲ್ಲಿ ನಾಡುಗಳಲ್ಲಿ ಕಟ್ಟಡ, ರಸ್ತೆ, ಬಂದರುಗಳ ಕೆಲಸಕ್ಕೆ ಅಸಂಖ್ಯ ಕೈಗಳು ಬೇಕಾದವು. 1922ರ ಕಾಯಿದೆ ಈ ಹೊಸ ವಲಸೆಗೆ ಹೊಂದದಾಯಿತು. 1983ರ ವಲಸೆ ಕಾಯಿದೆಯು ಅದರ ಸ್ಥಾನಕ್ಕೆ ಬಂದು, ನೇಮಕಾತಿ ಏಜೆಂಟರು ನೋಂದಣಿ ಪಡೆಯಬೇಕೆಂದೂ, ದುಡಿಮೆಗೆ ಹೊರಡುವವನು ವಲಸೆಗಾರರ ರಕ್ಷಕಾಧಿಕಾರಿಯ ಅನುಮತಿಯಿಲ್ಲದೆ ಹೋಗಕೂಡದೆಂದೂ ವಿಧಿಸಿತು. ಕಾರ್ಯತಃ ಈ ವಿಧಿಯು ಎಲ್ಲರಿಗೂ ಅನ್ವಯಿಸಲಿಲ್ಲ. ಜನರು ‘ಇ.ಸಿ.ಆರ್.’ ಎಂದು ಕರೆಯುವ, ವಲಸೆ ತಪಾಸಣೆ ಅಗತ್ಯವೆಂಬ ಗುರುತುಳ್ಳ ಪಾಸ್‌ಪೋರ್ಟಿನವರು ಗೊತ್ತುಪಡಿಸಿದ ನಾಡುಗಳಿಗೆ ದುಡಿಮೆಗೆ ಹೋಗುವಾಗ ಮಾತ್ರ ಈ ಅನುಮತಿ ಬೇಕು. ಈ ಗುರುತನ್ನು ಯಾರಿಗೆ ಹಾಕಬೇಕೆಂಬುದನ್ನು ಮುಖ್ಯವಾಗಿ ವಿದ್ಯೆಯ ಮಟ್ಟವೇ ನಿರ್ಧರಿಸುತ್ತದೆ. ಮೊದಲು ಪದವಿಯ ಎತ್ತರದಲ್ಲಿದ್ದ ಗೆರೆಯು ಕ್ರಮೇಣ ಇಳಿದು ಹತ್ತನೆಯ ತರಗತಿಯ ಉತ್ತೀರ್ಣತೆಗೆ ಬಂದು ನಿಂತಿತು.

ಈ ಗೆರೆಯನ್ನು ತೋಟದ ಲೈನ್ ಮನೆಯಿಂದ ನೋಡಿದಾಗ ಅದರ ನಿಜವಾದ ಸ್ವರೂಪವು ತಿಳಿಯುತ್ತದೆ. 1951ರ ತೋಟಗಾರಿಕಾ ಕಾರ್ಮಿಕರ ಕಾಯಿದೆಯು ಕೂಲಿಗಾರರ ಮಕ್ಕಳ ವಿದ್ಯಾಭ್ಯಾಸವನ್ನು ಕುರಿತು ಹೇಳುವಾಗ 6ರಿಂದ 12 ವರ್ಷದ ಮಕ್ಕಳನ್ನು ಮಾತ್ರ ಲೆಕ್ಕಕ್ಕೆ ತೆಗೆದುಕೊಂಡಿತ್ತು. 2009ರ ಶಿಕ್ಷಣ ಹಕ್ಕಿನ ಕಾಯಿದೆಯ ಹೊಣೆಯು 14ನೆಯ ವರ್ಷಕ್ಕೆ, ಎಂದರೆ ಎಂಟನೆಯ ತರಗತಿಗೆ ಮುಗಿಯುತ್ತದೆ. ಪಾಸ್‌ಪೋರ್ಟಿನ ಗೆರೆಯಾದರೋ ಹತ್ತನೆಯ ತರಗತಿಯಲ್ಲಿದೆ. ಒಂದು ಕಾಯಿದೆ ಮಗುವನ್ನು ಕೈಬಿಡುವ ಸ್ಥಳಕ್ಕೂ ಇನ್ನೊಂದು ಕಾಯಿದೆ ಅದರಿಂದ ಲೆಕ್ಕ ಕೇಳುವ ಸ್ಥಳಕ್ಕೂ ನಡುವೆ ಎರಡು ವರ್ಷಗಳ ಅಂತರವಿದೆ. ಮನೆಯ ಬಡತನದಿಂದ ಕಾಫಿ ಕೊಯ್ಲಿಗೆ ಕೈಹಚ್ಚುವ ಹುಡುಗನು ಶಾಲೆ ಬಿಡುವುದು ಈ ಅಂತರದಲ್ಲಿಯೇ. ಮುಂದೆ ಹತ್ತು ವರ್ಷಗಳ ಬಳಿಕ ಅವನು ವಿಮಾನ ನಿಲ್ದಾಣದಲ್ಲಿ ನಿಂತಾಗ, ಅಂದು ಬಿಟ್ಟುಬಂದ ಶಾಲೆಯು ಅವನ ಪಾಸ್‌ಪೋರ್ಟಿನ ಪುಟದಲ್ಲಿ ಎದುರಾಗುತ್ತದೆ. ಉತ್ತೀರ್ಣನಾದವನಿಗೂ ಆ ಅಂಕಪಟ್ಟಿಯನ್ನು ಕಾಪಾಡಿಕೊಳ್ಳುವುದು ಸಣ್ಣ ಮಾತಲ್ಲ. 2019ರ ಆಗಸ್ಟ್ ತಿಂಗಳಲ್ಲಿ ಕಾವೇರಿಯ ಪ್ರವಾಹವು ನೆಲ್ಯಹುದಿಕೇರಿಯ ಹೊಳೆದಂಡೆಯ ಅನೇಕ ಮನೆಗಳನ್ನು ಕೆಡವಿತು. ಅಂಥ ನೆರೆಯಲ್ಲಿ ಗೋಡೆಯೊಡನೆ ಪೆಟ್ಟಿಗೆಯೂ, ಪೆಟ್ಟಿಗೆಯೊಡನೆ ಅದರೊಳಗಿನ ಕಾಗದಗಳೂ ಹೋಗುವ ಅಪಾಯವಿರುತ್ತದೆ. ಗೋಡೆಯನ್ನು ಮತ್ತೆ ಕಟ್ಟಬಹುದು; ಕಾಗದವನ್ನು ಕಚೇರಿಯಿಂದ ಕಚೇರಿಗೆ ಅಲೆದು ಬೇಡಬೇಕು.

ಇನ್ನು ರಜೆಯ ಮೇಲೆ ಊರಿಗೆ ಬರುವವನ ವಿಚಾರ. ಅವನು ದಾಟಬೇಕಾದ ಬಾಗಿಲುಗಳು ಎರಡು. ಮೊದಲನೆಯದು ಅಲ್ಲಿಯದು. ಕೊಲ್ಲಿ ನಾಡುಗಳ ‘ಕಫಾಲಾ’ ಪದ್ಧತಿಯಲ್ಲಿ ದುಡಿಮೆಗಾರನ ವಾಸ್ತವ್ಯವು ಅವನ ಒಡೆಯನ, ಎಂದರೆ ‘ಕಫೀಲ’ನ, ಹೊಣೆಗೆ ಸೇರಿದ್ದು. ಸೌದಿ ಅರೇಬಿಯದಲ್ಲಿ ಊರಿಗೆ ಹೋಗಿಬರಲು ‘ನಿರ್ಗಮನ ಮತ್ತು ಪುನಃಪ್ರವೇಶ’ದ ವೀಸಾ ಬೇಕು. ಬಹುಕಾಲ ಅದನ್ನು ಪಡೆದುಕೊಡುವುದು ಒಡೆಯನ ಕೈಯಲ್ಲಿತ್ತು. ಊರಿನಲ್ಲಿ ತಾಯಿ ಕಾಯಿಲೆ ಬಿದ್ದರೂ, ತಂಗಿಯ ಮದುವೆ ನಿಶ್ಚಯವಾದರೂ ಅವನ ಒಪ್ಪಿಗೆಯಿಲ್ಲದೆ ಹೊರಡುವಂತಿರಲಿಲ್ಲ. 2021ರ ಮಾರ್ಚ್ 14ರಂದು ಜಾರಿಗೆ ಬಂದ ಸುಧಾರಣೆಯಿಂದ, ಅದರ ವ್ಯಾಪ್ತಿಗೆ ಸೇರಿದ ಕೆಲಸಗಾರನು ತಾನಾಗಿಯೇ ಅರ್ಜಿ ಹಾಕಲು ಅವಕಾಶವಾಯಿತು. ಮನೆಗೆಲಸದವರು ಮೊದಲಾದ ಕೆಲವು ವರ್ಗಗಳು ಆ ಸುಧಾರಣೆಯ ಹೊರಗುಳಿದವು. ಕತಾರ್‌ನಲ್ಲಿ 2018ರ 13ನೆಯ ಸಂಖ್ಯೆಯ ಶಾಸನವು ಹೆಚ್ಚಿನ ಕೆಲಸಗಾರರಿಗೆ ನಿರ್ಗಮನ ಪರವಾನಗಿಯನ್ನು ತೆಗೆದುಹಾಕಿತು. 2020ರ ಜನವರಿಯಲ್ಲಿ ಮನೆಗೆಲಸದವರಿಗೂ ಅದು ವಿಸ್ತರಿಸಿತು. ಕಾಗದವು ಒಡೆಯನ ಕೈಯಿಂದ ದುಡಿಮೆಗಾರನ ಕೈಗೆ ಸರಿದುದೇ ಈ ಬದಲಾವಣೆಗಳ ತಿರುಳು.

ಎರಡನೆಯ ಬಾಗಿಲು ಇಲ್ಲಿಯದು. 1983ರ ಕಾಯಿದೆಯು ‘ವಲಸೆಗಾರ’ ಎಂಬ ಪದಕ್ಕೆ ಲಕ್ಷಣ ಹೇಳುವಾಗ, 18 ವರ್ಷ ತುಂಬಿದ ಮೇಲೆ ಹೊರನಾಡಿನಲ್ಲಿ ಮೂರು ವರ್ಷಕ್ಕೆ ಕಡಮೆಯಿಲ್ಲದೆ ವಾಸವಾಗಿದ್ದವನನ್ನು ಆ ಲಕ್ಷಣದಿಂದ ಹೊರಗಿಟ್ಟಿತು. ಮೂರು ವರ್ಷ ಹೊರಗೆ ಬಾಳಿದವನು ತನ್ನನ್ನು ತಾನೇ ಕಾಪಾಡಿಕೊಳ್ಳಬಲ್ಲನೆಂಬುದು ಇದರ ಹಿಂದಿನ ಊಹೆ. ಇದು ವಿವೇಕದ ಮಾತೇ ಹೌದು. ಅನುಭವವನ್ನು ವಿದ್ಯೆಗೆ ಸಮನೆಂದು ಕಾಯಿದೆಯು ಇಲ್ಲಿ ಒಪ್ಪಿಕೊಂಡಿದೆ. ಆದರೆ ಅನುಭವಕ್ಕೂ ಪುರಾವೆ ಬೇಕು: ಹಳೆಯ ಪಾಸ್‌ಪೋರ್ಟಿನ ಮುದ್ರೆಗಳು, ವಾಸ್ತವ್ಯದ ಚೀಟಿ. ಮುದ್ರೆಯಿರುವ ಪುಸ್ತಕವು ಒಡೆಯನ ಬೀರುವಿನಲ್ಲಿ ಉಳಿದರೆ, ಅನುಭವಿಯೂ ಕಾಗದದ ಮುಂದೆ ಹೊಸಬನೇ.

ಈ ಸಂದರ್ಭದಲ್ಲಿ ಫಿಲಿಪೈನ್ಸ್ ದೇಶದ ಪದ್ಧತಿಯೊಡನೆ ಹೋಲಿಕೆ ಉಪಯುಕ್ತವಾಗಿದೆ. ಆ ದೇಶವು 1974ರ ಕಾರ್ಮಿಕ ಸಂಹಿತೆಯಿಂದ ಮೊದಲುಗೊಂಡು ಹೊರನಾಡಿನ ದುಡಿಮೆಯನ್ನು ರಾಜ್ಯನೀತಿಯಾಗಿಯೇ ಬೆಳೆಸಿತು. 1982ರಲ್ಲಿ ಅದಕ್ಕೆ ಪ್ರತ್ಯೇಕ ಆಡಳಿತ ಸಂಸ್ಥೆ ಏರ್ಪಟ್ಟಿತು. 2021ರ ಡಿಸೆಂಬರ್ 30ರಂದು ಸಹಿಯಾದ ಕಾಯಿದೆಯಿಂದ ವಲಸೆ ದುಡಿಮೆಗಾರರ ಇಲಾಖೆಯೇ ಸ್ಥಾಪಿತವಾಯಿತು. ಅಲ್ಲಿ ವಿದ್ಯೆಯ ಗೆರೆಯಿಲ್ಲ. ದಾದಿಯಾಗಲಿ, ನಾವಿಕನಾಗಲಿ, ಮನೆಗೆಲಸದವಳಾಗಲಿ, ದುಡಿಮೆಗೆ ಹೊರಡುವವರು ‘ಹೊರನಾಡು ಉದ್ಯೋಗ ಪ್ರಮಾಣಪತ್ರ’ವನ್ನು ತೋರಿಸಬೇಕು. ರಜೆಗೆ ಬಂದು ಮರಳುವವನಿಗೆ ‘ಬಾಲಿಕ್ ಮಂಗ್ಗಗಾವಾ’, ಎಂದರೆ ಹಿಂದಿರುಗುವ ದುಡಿಮೆಗಾರ, ಎಂಬ ಹೆಸರನ್ನೇ ಕೊಟ್ಟಿದ್ದಾರೆ. ಅವನೂ ಈ ಪತ್ರಕ್ಕಾಗಿ ರಜೆಯ ದಿನಗಳನ್ನು ಸರದಿಯ ಸಾಲಿನಲ್ಲಿ ಕಳೆಯಬೇಕಾಗುತ್ತಿತ್ತು. 2016ರಿಂದ, ಅದೇ ಒಡೆಯನ ಬಳಿಗೆ, ಅದೇ ಸ್ಥಳಕ್ಕೆ ಮರಳುವವನ ದಾಖಲೆ ಮೊದಲೇ ಇದ್ದರೆ ವಿದ್ಯುನ್ಮಾನ ವ್ಯವಸ್ಥೆಯಲ್ಲಿಯೇ ವಿನಾಯಿತಿ ಪಡೆಯಬಹುದಾಯಿತು. ಒಡೆಯನನ್ನು ಬದಲಿಸಿದವನಿಗೆ ಈ ಸೌಲಭ್ಯವಿಲ್ಲ. ಎಲ್ಲರಿಗೂ ಒಂದೇ ಕಾಗದವೆಂಬುದು ಆ ಪದ್ಧತಿಯ ಗುಣ. ಹಳೆಯ ಒಡೆಯನಿಗೆ ಅಂಟಿಕೊಂಡವನಿಗೆ ಹಾದಿ ಸುಗಮವೆಂಬುದು ಅದರ ಮಿತಿ.

ನಮ್ಮ ಪದ್ಧತಿಯ ದೋಷವಿರುವುದು ಅದರ ಗುರುತಿನಲ್ಲಿ. 2018ರ ಜನವರಿಯಲ್ಲಿ, ವಲಸೆ ತಪಾಸಣೆ ಬೇಕಾದವರಿಗೆ ಕಿತ್ತಳೆ ಬಣ್ಣದ ರಕ್ಷಾಕವಚವುಳ್ಳ ಪ್ರತ್ಯೇಕ ಪಾಸ್‌ಪೋರ್ಟನ್ನು ನೀಡುವುದಾಗಿ ಕೇಂದ್ರ ಸರ್ಕಾರವು ಸಾರಿತು. ಓದದವನನ್ನು ದೂರದಿಂದಲೇ ಗುರುತಿಸುವಂತೆ ಮಾಡುವ ಈ ಯೋಚನೆಗೆ ವ್ಯಾಪಕ ವಿರೋಧ ಬಂದು, ಅದೇ ತಿಂಗಳ 30ರಂದು ಅದನ್ನು ಕೈಬಿಡಲಾಯಿತು. ಇ.ಸಿ.ಆರ್. ಪಾಸ್‌ಪೋರ್ಟಿನ ಮಹಿಳೆಗೆ 2007ರಲ್ಲಿ ವಿಧಿಸಿದ 30 ವರ್ಷದ ಕನಿಷ್ಠ ವಯೋಮಿತಿಯೂ ರಕ್ಷಣೆಯ ಹೆಸರಿನಲ್ಲಿಯೇ ಬಂದುದು. ಇಂಥ ಕಡೆ ಬಾಗಿಲು ಮುಚ್ಚಿದಾಗ ಅಗತ್ಯವು ಕಿಟಕಿಯನ್ನು ಹುಡುಕುತ್ತದೆ. ಪ್ರವಾಸಿಯ ವೀಸಾದಲ್ಲಿ ಹೋಗಿ ಅಲ್ಲಿ ಕೆಲಸಕ್ಕೆ ನಿಲ್ಲುವವರಿಗೆ ಕರಾರೂ ಇಲ್ಲ, ವಿಮೆಯೂ ಇಲ್ಲ.

ಹಾಗೆಂದು ಕಾಗದವೇ ಬೇಡವೆನ್ನುವುದು ಚರಿತ್ರೆಯ ಪಾಠವಲ್ಲ. ವಲಸೆ ಅನುಮತಿಯೊಡನೆ ಬರುವ ಪ್ರವಾಸಿ ಭಾರತೀಯ ವಿಮಾ ಯೋಜನೆಯು (2003) ಮೃತ ದುಡಿಮೆಗಾರನ ಮನೆಗೆ 10 ಲಕ್ಷ ರೂಪಾಯಿಗಳ ಆಸರೆಯಾಗಬಲ್ಲದು. 2014ರಿಂದ ನಡೆದಿರುವ ಇ-ಮೈಗ್ರೇಟ್ ವ್ಯವಸ್ಥೆಯಲ್ಲಿ ಒಡೆಯನ ಹೆಸರೂ ಸಂಬಳದ ಷರತ್ತೂ ದಾಖಲಾಗುತ್ತವೆ. ಅನುಮತಿಯಿಲ್ಲದೆ ಹೋದವನ ಮನೆಯವರು ಆಪತ್ತಿನ ಕಾಲದಲ್ಲಿ ಯಾವ ಆಧಾರವನ್ನು ಹಿಡಿದು ಕೇಳಬೇಕು? 1837ರ ಶಾಸನವು ಕೂಲಿಯನ್ನು ಅಧಿಕಾರಿಯ ಮುಂದೆ ನಿಲ್ಲಿಸಿದುದು, ಅವನು ಎಲ್ಲಿಗೆ ಯಾವ ಕರಾರಿನ ಮೇಲೆ ಹೋಗುತ್ತಿದ್ದಾನೆಂಬುದು ಬರಹದಲ್ಲಿರಲೆಂದು. ಆ ಉದ್ದೇಶವು ಇಂದಿಗೂ ಹಳತಾಗಿಲ್ಲ.

ಒಟ್ಟಿನಲ್ಲಿ, ಕೊಡಗಿನ ತೋಟದ ಮುಂಗಡ ಚೀಟಿ, ಮಾರಿಷಸ್ಸಿನ ಭಾವಚಿತ್ರದ ಚೀಟಿ, ಕೊಲ್ಲಿ ನಾಡಿನ ನಿರ್ಗಮನ ವೀಸಾ, ನಮ್ಮ ಸರ್ಕಾರದ ವಲಸೆ ಅನುಮತಿ ಇವೆಲ್ಲ ಒಂದೇ ಕುಲದ ಕಾಗದಗಳು. ಇವುಗಳ ಗುಣದೋಷಗಳನ್ನು ತೂಗಲು ಮೂರು ಪ್ರಶ್ನೆಗಳು ಸಾಕು. ದುಡಿಮೆಗಾರನು ಅದನ್ನು ಮಧ್ಯವರ್ತಿಯ ನೆರವಿಲ್ಲದೆ ತಾನೇ ಪಡೆಯಬಲ್ಲನೆ? ಅದರಲ್ಲಿ ಬರೆದುದನ್ನು ತನ್ನ ಭಾಷೆಯಲ್ಲಿ ಓದಿ ತಿಳಿಯಬಲ್ಲನೆ? ಅದು ಅವನ ಜೇಬಿನಲ್ಲಿಯೇ ಉಳಿಯುವುದೆ? ಎರಡನೆಯ ಪ್ರಶ್ನೆಗೆ ಉತ್ತರವನ್ನು ವಿಮಾನ ನಿಲ್ದಾಣದಲ್ಲಿ ಹುಡುಕಿ ಫಲವಿಲ್ಲ; ಅದು ತೋಟದ ಸಮೀಪದ ಪ್ರೌಢಶಾಲೆಯಲ್ಲಿದೆ. ಎಂಟನೆಯ ತರಗತಿಯಿಂದ ಹತ್ತನೆಯ ತರಗತಿಯವರೆಗಿನ ಆ ಎರಡು ವರ್ಷಗಳನ್ನು ಲೈನ್ ಮನೆಯ ಮಕ್ಕಳಿಗೆ ದೊರಕಿಸಿಕೊಡುವುದು, ವಲಸೆಗಾರನಿಗೆ ನಾವು ಈ ನೆಲದಲ್ಲಿಯೇ ನೀಡಬಹುದಾದ ಮೊದಲ ರಕ್ಷಣೆ.