ಅಸ್ತಿತ್ವವಾದ ಮತ್ತು ‘ಸಂಸ್ಕಾರ’

ಮನುಷ್ಯನ ಸ್ವಭಾವವಾಗಲಿ ಬದುಕಿನ ಅರ್ಥವಾಗಲಿ ಮೊದಲೇ ನಿಗದಿಯಾಗಿಲ್ಲ, ತನ್ನ ಆಯ್ಕೆಗಳಿಂದಲೇ ಅವನು ತನ್ನನ್ನು ರೂಪಿಸಿಕೊಳ್ಳುತ್ತಾನೆ ಎಂಬುದು ಅಸ್ತಿತ್ವವಾದದ ತಿರುಳು. ಫ್ರೆಂಚ್ ಚಿಂತಕ ಸಾರ್ತ್ರ್ 1945ರ ಪ್ಯಾರಿಸ್ ಉಪನ್ಯಾಸದಲ್ಲಿ ಇದನ್ನು ಪ್ರತಿಪಾದಿಸಿದರು. ಕನ್ನಡಿಗರಾದ ನಮಗೆ ಈ ತತ್ತ್ವವನ್ನು ಅರಿಯಲು ಯು.ಆರ್. ಅನಂತಮೂರ್ತಿಯವರ ‘ಸಂಸ್ಕಾರ’ (1965) ಕಾದಂಬರಿಯೇ ಸಮೀಪದ ದಾರಿ.

ಆಚಾರಗಳನ್ನು ತೊರೆದಿದ್ದ ನಾರಣಪ್ಪ ಪ್ಲೇಗಿಗೆ ಬಲಿಯಾಗುತ್ತಾನೆ. ಅವನ ಶವಸಂಸ್ಕಾರವನ್ನು ಯಾರು ಮಾಡಬೇಕು? ಪ್ರಾಣೇಶಾಚಾರ್ಯರಿಗೆ ಶಾಸ್ತ್ರಗ್ರಂಥಗಳಲ್ಲಿಯೂ ಮಾರುತಿಯ ಗುಡಿಯಲ್ಲಿಯೂ ಉತ್ತರ ದೊರೆಯುವುದಿಲ್ಲ. ಗುಡಿಯಿಂದ ಮರಳುವ ರಾತ್ರಿ, ಕಾಡಿನಲ್ಲಿ, ನಾರಣಪ್ಪನ ಸಂಗಾತಿ ಚಂದ್ರಿಯೊಡನೆ ಅವರ ಸಮಾಗಮವಾಗುತ್ತದೆ. ಅದು ತಾನಾಗಿ ಒದಗಿದ್ದೇ, ಅವರೇ ಆರಿಸಿಕೊಂಡದ್ದೇ? ತಾನಾಗಿ ಒದಗಿದ್ದರೂ ಹೊಣೆ ತಮ್ಮದೇ ಎಂಬ ಅರಿವಿನತ್ತ ಆಚಾರ್ಯರು ಸಾಗುತ್ತಾರೆ. ಅಗ್ರಹಾರದೆದುರು ಅವರು ನಿಜ ನುಡಿಯುವರೇ ಎಂಬುದನ್ನು ಕಾದಂಬರಿ ನಮಗೇ ಬಿಡುತ್ತದೆ.

ಅನಂತಮೂರ್ತಿಯವರು 1993ರಿಂದ 1998ರವರೆಗೆ ದೆಹಲಿಯ ಸಾಹಿತ್ಯ ಅಕಾಡೆಮಿಯ ಅಧ್ಯಕ್ಷರಾಗಿದ್ದರು. ಇದೇ ನಗರದಲ್ಲಿ ನೆಲೆಸಿರುವ ನಮ್ಮ ಮೇಲೆ ಊರಿನ ಹಿರಿಯರ ಕಣ್ಣಿಲ್ಲ. ಯಾವ ಆಚರಣೆಯನ್ನು ಉಳಿಸಿಕೊಳ್ಳಬೇಕು, ಯಾವುದನ್ನು ಬಿಡಬೇಕು ಎಂಬುದನ್ನು ನಾವೇ ನಿರ್ಧರಿಸಬೇಕು. ಉಳಿಸಿಕೊಂಡರೂ ಬಿಟ್ಟರೂ, ‘ಎಲ್ಲರೂ ಹೀಗೆಯೇ ಮಾಡುತ್ತಾರೆ’ ಎನ್ನುವುದು ಸಮಜಾಯಿಷಿಯಾದೀತೇ ಹೊರತು ಉತ್ತರವಾಗದು.