ಅಮಾನತು, ಅನ್ನ ಮತ್ತು ಕೋಲಾರದ ಒಂದು ತೀರ್ಪು

ದಲಿತ ವಿಮರ್ಶೆ ಕವಿತೆ, ಆತ್ಮಕಥೆಗಳನ್ನು ಓದಿದಷ್ಟು ನಿಷ್ಠೆಯಿಂದ ಸರ್ಕಾರಿ ಕಡತಗಳನ್ನು ಓದಿಲ್ಲ. ನಮ್ಮ ಮೊದಲ ತಲೆಮಾರಿನ ನೌಕರರ ಬದುಕು ದಾಖಲಾಗಿರುವುದಾದರೂ ಎಲ್ಲಿ? ನೇಮಕಾತಿ ಆದೇಶದಲ್ಲಿ, ಕಾರಣ ಕೇಳಿ ಕೊಟ್ಟ ನೋಟೀಸಿನಲ್ಲಿ, ಅಮಾನತಿನ ಆದೇಶದಲ್ಲಿ. ವಿಚಾರಣೆ ಬಾಕಿಯಿರುವಾಗ ಮಾಡುವ ಅಮಾನತು ಶಿಕ್ಷೆ ಅಲ್ಲ ಅನ್ನೋದು ಸೇವಾ ಕಾನೂನಿನ ಒಪ್ಪಿತ ಮಾತು. ಸಂವಿಧಾನದ 311ನೇ ವಿಧಿಯ ಪ್ರಕಾರ ಆರೋಪ ತಿಳಿಸದೆ, ವಿಚಾರಣೆ ನಡೆಸದೆ, ಸಮರ್ಥಿಸಿಕೊಳ್ಳಲು ಸಮಂಜಸ ಅವಕಾಶ ಕೊಡದೆ ನೌಕರನನ್ನು ವಜಾ ಮಾಡುವಂತಿಲ್ಲ. ಇದಕ್ಕೆ ಅಪವಾದಗಳಿದ್ದರೂ ತತ್ವ ಇದೇ. ಸರಿ. ಆದರೆ ಈ ‘ಅವಕಾಶ’ವನ್ನು ಬಳಸಿಕೊಳ್ಳಲು ಬಸ್ ಚಾರ್ಜು ಯಾರ ಜೇಬಲ್ಲಿದೆ?

ಮೈಸೂರು ಸಂಸ್ಥಾನದ ಕಚೇರಿಗಳಲ್ಲಿ ಬ್ರಾಹ್ಮಣರೇ ತುಂಬಿದ್ದರೆಂಬ ಕಾರಣಕ್ಕೇ 1918ರಲ್ಲಿ ಮಿಲ್ಲರ್ ಸಮಿತಿ ನೇಮಕವಾದದ್ದು. ಆ ನೌಕರವರ್ಗದ ಅನೇಕ ಮನೆತನಗಳು ಬೆಂಗಳೂರಿನ ಚಾಮರಾಜಪೇಟೆಯಲ್ಲಿ, 1898ರ ಪ್ಲೇಗಿನ ನಂತರ ಎದ್ದ ಬಸವನಗುಡಿ, ಮಲ್ಲೇಶ್ವರಗಳಲ್ಲಿ ಬೇರೂರಿದವು. ಅಲ್ಲಿ ಅಜ್ಜ ಕಟ್ಟಿಸಿದ ಮನೆಯ ಹಿಂಭಾಗವನ್ನು ಬಾಡಿಗೆಗೆ ಕೊಟ್ಟವನು ಅಮಾನತಾದರೆ ಅವಮಾನ ಆಗುತ್ತೆ, ನಿಜ, ಒಲೆ ಆರಲ್ಲ. ಪಕ್ಕದ ಬೀದಿಯಲ್ಲಿ ಒಬ್ಬ ವಕೀಲ, ಒಬ್ಬ ನಿವೃತ್ತ ಶಿರಸ್ತೇದಾರ ಸಿಕ್ಕೇ ಸಿಗುತ್ತಾನೆ. ದೋಷಾರೋಪ ಪಟ್ಟಿಗೆ ಉತ್ತರ ಹೇಗೆ ಬರೀಬೇಕು ಅನ್ನೋದು ಅವನಿಗೆ ಕಾಫಿ ಜೊತೆ ಬರುವ ವಿದ್ಯೆ. ಕೇರಿಯಿಂದ ಬಂದು ಗುಮಾಸ್ತನಾದವನಿಗೆ ಸಂಬಳವೇ ಹೊಲ, ಸಂಬಳವೇ ಮನೆ, ಸಂಬಳವೇ ತಂಗಿಯ ಮದುವೆ ಸಾಲದ ಕಂತು. ಇಬ್ಬರಿಗೂ ಹೋಗುವ ಆದೇಶದ ಒಕ್ಕಣೆ ಮಾತ್ರ ಒಂದೇ.

ಈ ಸತ್ಯವನ್ನು ನ್ಯಾಯಾಲಯ ಅರ್ಧದಷ್ಟಾದರೂ ನುಡಿದದ್ದು ಕೋಲಾರದ ಚಿನ್ನದ ಗಣಿಯ ಮೊಕದ್ದಮೆಯಲ್ಲಿ. ಆ ಗಣಿಯ ಆಳಕ್ಕೆ ಇಳಿದವರಲ್ಲಿ ಬಹುಪಾಲು ತಮಿಳು ಮಾತಾಡುವ ದಲಿತರು. ಅವರನ್ನು ಕಳ್ಳರೆಂದು ಮೊದಲೇ ತೀರ್ಮಾನಿಸಿಕೊಂಡು ನಡೆದ ಆಡಳಿತ ಅದು. 1930ರಲ್ಲಿ ಕಾರ್ಮಿಕರ ಬೆರಳಚ್ಚು ತೆಗೆಯಲು ಹೊರಟಾಗ ಅವರು ದೊಡ್ಡ ಮುಷ್ಕರವನ್ನೇ ಹೂಡಿದರು. ಜಾನ್ ಟೇಲರ್ ಕಂಪನಿಯಿಂದ ಗಣಿ 1956ರಲ್ಲಿ ಮೈಸೂರು ಸರ್ಕಾರಕ್ಕೆ ಬಂತು, 1962ರಲ್ಲಿ ಕೇಂದ್ರಕ್ಕೆ ಹೋಯಿತು, 1972ರಲ್ಲಿ ಭಾರತ್ ಗೋಲ್ಡ್ ಮೈನ್ಸ್ ಆಯಿತು. ಯಜಮಾನರು ಬದಲಾದರು, ಅನುಮಾನ ಬದಲಾಗಲಿಲ್ಲ.

1985ರ ಜೂನ್‌ನಲ್ಲಿ ಅಲ್ಲಿನ ಭದ್ರತಾ ಅಧಿಕಾರಿ ಎಂ. ಪಾಲ್ ಆಂಟನಿಯವರ ಮನೆ ಮೇಲೆ ಪೊಲೀಸರು ದಾಳಿ ಮಾಡಿದರು. 4.5 ಗ್ರಾಂ ಚಿನ್ನದ ಉಂಡೆ, 1276 ಗ್ರಾಂ ಚಿನ್ನ ಬೆರೆತ ಮರಳು ಸಿಕ್ಕಿತು ಎಂದರು. ಮರುದಿನವೇ ಅಮಾನತು. ಕ್ರಿಮಿನಲ್ ಮೊಕದ್ದಮೆ ಒಂದು ಕಡೆ, ಇಲಾಖಾ ವಿಚಾರಣೆ ಇನ್ನೊಂದು ಕಡೆ. ಜೀವನಾಧಾರ ಭತ್ಯೆ ಕೊಡಲಿಲ್ಲ. ಕಾಯಿಲೆ ಬಿದ್ದು ಕೇರಳದ ಊರಿನಲ್ಲಿದ್ದ ಮನುಷ್ಯ ವಿಚಾರಣೆ ಮುಂದೂಡಿ ಎಂದು ಕೇಳಿದರೂ ಅದು ಏಕಪಕ್ಷೀಯವಾಗಿ ಮುಗಿಯಿತು; 1986ರ ಜೂನ್‌ನಲ್ಲಿ ವಜಾ. ಎಂಟು ತಿಂಗಳಿಗೆ, ದಾಳಿಯೇ ಸಾಬೀತಾಗಿಲ್ಲವೆಂದು ಕ್ರಿಮಿನಲ್ ಕೋರ್ಟು ಖುಲಾಸೆ ಮಾಡಿತು. ಬೆಂಗಳೂರಿನ ಹೈಕೋರ್ಟಿನಲ್ಲಿ ಏಕಸದಸ್ಯ ಪೀಠ ಅವರ ಪರ ನಿಂತಿತು, ವಿಭಾಗೀಯ ಪೀಠ ಅದನ್ನು ಅಳಿಸಿತು. ಸುಪ್ರೀಂ ಕೋರ್ಟು ಅವರ ಪರ ತೀರ್ಪು ಕೊಟ್ಟಾಗ 1999ರ ಮಾರ್ಚ್. ಅಧಿಕಾರಿಯ ಪಾಡೇ ಇದಾದರೆ ಗಣಿಯೊಳಗಿನವನ ಪಾಡೇನು?

ಕೆಲಸಕ್ಕೆ ಸೇರಿದವನು ಮನುಷ್ಯನಾಗಿ ತನಗಿರುವ ಹಕ್ಕುಗಳನ್ನು ಒತ್ತೆಯಿಟ್ಟು ಬಂದಿರುವುದಿಲ್ಲ ಎಂದಿತು ಆ ತೀರ್ಪು. ಭತ್ಯೆ ಕೊಡದೆ ನಡೆಸಿದ ವಿಚಾರಣೆಗೆ ಅವನು ಬರಲಾಗಲಿಲ್ಲವೆಂದರೆ ಆ ವಿಚಾರಣೆಯೇ ಕೆಟ್ಟಿತು. ಹಸಿವಿನಲ್ಲಿಡುವುದು 21ನೇ ವಿಧಿಯ ಜೀವಿಸುವ ಹಕ್ಕಿಗೆ ಕೈಹಾಕಿದಂತೆ. ದೊಡ್ಡ ಮಾತು. ಆದರೂ ಅಲ್ಲಿ ಹಸಿವಿಗೆ ಜಾತಿಯಿಲ್ಲ. ಸಂಬಳ ನಿಂತ ಕೂಡಲೇ ಒಬ್ಬ ಅಜ್ಜನ ಮನೆಗೂ ಇನ್ನೊಬ್ಬ ಬಡ್ಡಿಯವನ ಮನೆಗೂ ಹೋಗುವುದೇಕೆ ಎಂಬ ಪ್ರಶ್ನೆ ತೀರ್ಪಿನ ಹೊರಗೇ ಉಳಿಯಿತು.

ಭತ್ಯೆಯ ನಿಯಮವನ್ನೇ ನೋಡಿ. ಅದು ಬೇಕಾದರೆ ತಾನು ಬೇರೆ ಉದ್ಯೋಗ, ವ್ಯಾಪಾರ, ವೃತ್ತಿ ಮಾಡುತ್ತಿಲ್ಲವೆಂದು ನೌಕರ ಬರೆದುಕೊಡಬೇಕು. ಮನೆ ಬಾಡಿಗೆ ಉದ್ಯೋಗ ಅಲ್ಲ, ಬ್ಯಾಂಕಿನ ಬಡ್ಡಿಯೂ ಅಲ್ಲ. ಮಕ್ಕಳ ಹೊಟ್ಟೆಗೆಂದು ನಾಲ್ಕು ದಿನ ಗಾರೆ ಕೆಲಸಕ್ಕೆ ಹೋದವನು ಮಾತ್ರ ಸುಳ್ಳು ಬರೆದವನಾಗುತ್ತಾನೆ. ಇಂಥ ನಿಯಮ ಜಾತಿಯ ಹೆಸರೆತ್ತದೆಯೇ ಜಾತಿಯ ಕೆಲಸ ಮಾಡುತ್ತೆ.

311ನೇ ವಿಧಿ ಭ್ರಷ್ಟರಿಗೆ ಗುರಾಣಿ, ಕಿತ್ತುಹಾಕಿ ಅನ್ನೋರು ನಮ್ಮ ನಡುವೆಯೂ ಇದ್ದಾರೆ. ಆ ಗುರಾಣಿ ಎತ್ತಿ ಹಿಡಿಯುವಷ್ಟು ಕಸುವು ಯಾರ ತೋಳಿಗಿದೆ ಎಂದು ಅವರು ಕೇಳಲ್ಲ. ಮೂರು ತಿಂಗಳೊಳಗೆ ದೋಷಾರೋಪ ಪಟ್ಟಿ ಕೊಡದಿದ್ದರೆ ಅಮಾನತು ಮುಂದುವರಿಸಬಾರದೆಂದು ಸುಪ್ರೀಂ ಕೋರ್ಟು 2015ರಲ್ಲಿ, ಅಜಯ್ ಕುಮಾರ್ ಚೌಧರಿ ಮೊಕದ್ದಮೆಯಲ್ಲಿ ಹೇಳಿತು. ಅದನ್ನು ತಿಳಿದು ಅರ್ಜಿ ಹಾಕೋನಿಗೆ ಅದು ಕಾನೂನು, ಉಳಿದವರಿಗೆ ಕಾಗದ.

ಕೋಲಾರದ ಗಣಿ 2001ರಲ್ಲಿ ಮುಚ್ಚಿತು. ತೀರ್ಪು ಮುಚ್ಚಿಲ್ಲ. ಅಮಾನತಾದ ಗೆಳೆಯನ ಜೊತೆ ವಿಚಾರಣೆಗೆ ಹೋಗುವ ನಮ್ಮ ನೌಕರ ಸಂಘಗಳವರು ಆರೋಪಕ್ಕೆ ಉತ್ತರಿಸುವ ಮೊದಲೇ, ಮೊದಲ ದಿನವೇ, ಒಂದು ಮಾತನ್ನು ಲಿಖಿತವಾಗಿ ಕೇಳಿ ಕಡತಕ್ಕೆ ಸೇರಿಸಲಿ: ಈ ನೌಕರನಿಗೆ ಇವತ್ತಿನವರೆಗೆ ಭತ್ಯೆ ಕೊಟ್ಟಿದ್ದೀರಾ, ಎಷ್ಟು, ಯಾವ ತಾರೀಖಿನಂದು?