ಮೋಲ್: ತೂಕದ ಮನೆಯಲ್ಲಿ ಹುಟ್ಟಿದ ಎಣಿಕೆಯ ಮಾತು

ಶಿಡ್ಲಘಟ್ಟದ ಕಡೆ ರೇಷ್ಮೆ ಬೆಳೆಯುವವರು "ನೂರು ಮೊಟ್ಟೆ ಮೇಯಿಸಿದ್ವಿ, ಎಪ್ಪತ್ತು ಕೆ.ಜಿ. ಗೂಡು ಬಂತು" ಅನ್ನುತ್ತಾರೆ. ಕೇಳಿದ ಹೊಸಬರು ತಬ್ಬಿಬ್ಬಾಗುತ್ತಾರೆ. ನೂರು ಹುಳು ಸೇರಿ ಎಪ್ಪತ್ತು ಕೆ.ಜಿ. ಗೂಡು ಕಟ್ಟುವುದು ಎಲ್ಲಾದರೂ ಉಂಟೆ? ಆದರೆ ಅಲ್ಲಿ ಒಂದು ಮೊಟ್ಟೆ ಎಂದರೆ ಒಂದು ಚಿಟ್ಟೆ ಇಟ್ಟ ಅಷ್ಟೂ ಮೊಟ್ಟೆಗಳು, ಸುಮಾರು ನಾನೂರರಿಂದ ಐನೂರು. ನೂರು ಮೊಟ್ಟೆ ತಂದವನು ಮನೆಗೆ ತಂದದ್ದು ನಲವತ್ತು ಐವತ್ತು ಸಾವಿರ ಹುಳುಗಳನ್ನು.

ಈ ಲೆಕ್ಕ ಹೀಗೆ ನಿಂತದ್ದಕ್ಕೆ ಕಾರಣವಿದೆ. ಪೆಬ್ರಿನ್ ಎಂಬ ಗಂಟುರೋಗ ತಾಯಿ ಚಿಟ್ಟೆಯಿಂದ ಮೊಟ್ಟೆಗೆ ದಾಟುತ್ತದೆ. 1860ರ ದಶಕದಲ್ಲಿ ಫ್ರಾನ್ಸಿನ ರೇಷ್ಮೆ ಸಾಕಣೆಯನ್ನು ಈ ರೋಗ ನೆಲಕಚ್ಚಿಸಿದಾಗ ಲೂಯಿ ಪಾಸ್ಚರ್ ಒಂದು ದಾರಿ ತೋರಿಸಿದರು. ಪ್ರತಿ ಚಿಟ್ಟೆಯೂ ಬೇರೆ ಬೇರೆಯಾಗಿ ಮೊಟ್ಟೆಯಿಡಲಿ. ಆಮೇಲೆ ಆ ಚಿಟ್ಟೆಯನ್ನು ಅರೆದು ಸೂಕ್ಷ್ಮದರ್ಶಕದಲ್ಲಿ ನೋಡಿ. ರೋಗ ಕಂಡರೆ ಅದರ ಮೊಟ್ಟೆಯನ್ನೆಲ್ಲ ಸುಟ್ಟುಬಿಡಿ. ಮೊಟ್ಟೆ ತಯಾರಿಸಿ ಕೊಡುವ ಇವತ್ತಿನ ಬಿತ್ತನೆ ಕೋಠಿಗಳ ಕೆಲಸ ನಿಂತಿರುವುದೂ ಇದೇ ತತ್ವದ ಮೇಲೆ. ಪರೀಕ್ಷೆ ತಾಯಿಗೊಂದರಂತೆ ನಡೆಯುವುದರಿಂದ ಲೆಕ್ಕವೂ ತಾಯಿಗೊಂದರಂತೆ. ಕಣ್ಣಿಗೆ ಸಾಸಿವೆಗಿಂತ ಚಿಕ್ಕದಾಗಿ ಕಾಣುವುದನ್ನು ಒಂದೊಂದಾಗಿ ಎಣಿಸುವುದು ಆಗದ ಮಾತು. ಹಾಗಾಗಿ ಒಂದು ಗುಂಪಿಗೆ ಹೆಸರಿಟ್ಟು ಆ ಗುಂಪನ್ನು ಎಣಿಸುತ್ತಾರೆ. ಸಾಕುವಾಗ ಎಣಿಕೆ, ಮಾರುಕಟ್ಟೆಗೆ ಹೋದಾಗ ತೂಕ. ನೂರು ಮೊಟ್ಟೆಗೆ ಎಷ್ಟು ಕೆ.ಜಿ. ಎಂಬ ಒಂದು ಸಂಖ್ಯೆ ಆ ಎರಡನ್ನೂ ಜೋಡಿಸುತ್ತದೆ.

ರಸಾಯನಶಾಸ್ತ್ರದಲ್ಲಿ ಈ ಕೆಲಸ ಮಾಡುವ ಪದ ಮೋಲ್. ಪ್ರಥಮ ಪಿಯುಸಿಯ ಮೊದಲ ಪಾಠದಲ್ಲೇ ಅದು ಎದುರಾಗುತ್ತದೆ. ಕನ್ನಡ ಮಾಧ್ಯಮದಲ್ಲಿ ಎಸ್ಸೆಸ್ಸೆಲ್ಸಿ ಮುಗಿಸಿ ಚಿಂತಾಮಣಿಗೋ ಗೌರಿಬಿದನೂರಿಗೋ ಬಸ್ಸು ಹತ್ತಿ ಬರುವ ಮಕ್ಕಳಿಗೆ ಇಂಗ್ಲಿಷೂ ಮೋಲೂ ಒಟ್ಟಿಗೇ ಮೈಮೇಲೆ ಬೀಳುತ್ತವೆ. ಹೆಚ್ಚಿನವರಿಗೆ ಅದು ಒಂದು ಭಾಗಾಕಾರವಾಗಿ ಉಳಿದುಬಿಡುತ್ತದೆ: ಕೊಟ್ಟ ಗ್ರಾಂ ಅನ್ನು ಅಣುತೂಕದಿಂದ ಭಾಗಿಸು, ಬಂದದ್ದು ಮೋಲ್. ಉತ್ತರ ಸರಿ ಬರುತ್ತದೆ, ಪದದ ಅರ್ಥ ಮಾತ್ರ ಕೈತಪ್ಪುತ್ತದೆ. ಮೋಲ್ ಒಂದು ಬಗೆಯ ತೂಕ ಎಂದೇ ಎಷ್ಟೋ ಜನ ಪದವಿ ಮುಗಿಯುವವರೆಗೂ ನಂಬಿರುತ್ತಾರೆ.

ಹಾಗೆ ನಂಬುವುದರಲ್ಲಿ ಅವರ ತಪ್ಪು ಕಡಿಮೆ. ಈ ಪದ ಹುಟ್ಟಿದ್ದೇ ತೂಕದ ಮನೆಯಲ್ಲಿ. ಲ್ಯಾಟಿನ್ನಿನ ಮೋಲೆಸ್ ಎಂದರೆ ರಾಶಿ, ಭಾರ. ಚಿಕ್ಕ ರಾಶಿ ಎಂಬರ್ಥದಲ್ಲಿ ಅದರಿಂದ ಮಾಲೆಕ್ಯೂಲ್ ಬಂತು. 1890ರ ದಶಕದಲ್ಲಿ ಜರ್ಮನಿಯ ವಿಲ್‌ಹೆಲ್ಮ್ ಓಸ್ಟ್‌ವಾಲ್ಡ್ ಅದನ್ನು ಮತ್ತೆ ಮೊಟಕು ಮಾಡಿ ಮೋಲ್ ಎಂದು ಚಲಾವಣೆಗೆ ತಂದರು. ಅವರ ಅರ್ಥದಲ್ಲಿ ಅದು ಅಣುತೂಕದಷ್ಟು ಗ್ರಾಂ. ನೀರಾದರೆ 18 ಗ್ರಾಂ, ಅಷ್ಟೇ. ಅದರೊಳಗೆ ಎಷ್ಟು ಅಣುಗಳಿವೆ ಎಂದು ಅವರು ಕೇಳಲು ಹೋಗಲಿಲ್ಲ, ಯಾಕೆಂದರೆ ಪರಮಾಣುಗಳು ನಿಜವಾಗಿಯೂ ಇವೆ ಎಂದು ಆಗ ಅವರು ನಂಬಿರಲೇ ಇಲ್ಲ. ಒಪ್ಪಿಕೊಂಡದ್ದು 1909ರ ಹೊತ್ತಿಗೆ. ಅದೇ ವರ್ಷ ಫ್ರಾನ್ಸಿನ ಜೀನ್ ಪೆರಾನ್, ನೀರಿನಲ್ಲಿ ತೇಲುವ ಸಣ್ಣ ಕಣಗಳ ಚಲನೆಯಿಂದ ಅಣುಗಳ ಎಣಿಕೆ ತೆಗೆದು, ಆ ಸಂಖ್ಯೆಗೆ ಅವೊಗಾಡ್ರೊ ಹೆಸರಿಟ್ಟರು. ಸಮ ಉಷ್ಣತೆ, ಸಮ ಒತ್ತಡದಲ್ಲಿ ಸಮ ಗಾತ್ರದ ಅನಿಲಗಳಲ್ಲಿ ಅಣುಗಳೂ ಸಮ ಎಂದು 1811ರಲ್ಲೇ ಹೇಳಿದ ಇಟಲಿಯ ಅಮೆಡಿಯೊ ಅವೊಗಾಡ್ರೊ 1856ರಲ್ಲಿ ತೀರಿಕೊಂಡಿದ್ದರು. ತಮ್ಮ ಹೆಸರಿನ ಸಂಖ್ಯೆ ಎಷ್ಟೆಂದು ಅವರಿಗೆ ಗೊತ್ತಿರಲಿಲ್ಲ.

1971ರಲ್ಲಿ ಮೋಲ್ ಅಂತರರಾಷ್ಟ್ರೀಯ ಮಾನಗಳ ಪಟ್ಟಿಗೆ ಏಳನೆಯ ಮೂಲಮಾನವಾಗಿ ಸೇರಿತು. ಆಗಲೂ ಅದಕ್ಕೆ ತೂಕದ ಊರುಗೋಲು ಬೇಕಿತ್ತು: 12 ಗ್ರಾಂ ಕಾರ್ಬನ್-12ರಲ್ಲಿ ಎಷ್ಟು ಪರಮಾಣುಗಳಿವೆಯೋ ಅಷ್ಟು. 'ಅಷ್ಟು' ಎಂದರೆ ಎಷ್ಟು ಎಂಬುದನ್ನು ಪ್ರಯೋಗಶಾಲೆ ಹೇಳಬೇಕಿತ್ತು, ಪ್ರಯೋಗ ಚುರುಕಾದಂತೆ ಉತ್ತರವೂ ಬದಲಾಗುತ್ತಿತ್ತು. 1986ರಲ್ಲಿ ಒಪ್ಪಿದ ಬೆಲೆ 6.0221367, 1998ರಲ್ಲಿ 6.02214199. ಇದರ ಮುಂದೆ ಹತ್ತರ ಇಪ್ಪತ್ತಮೂರನೆಯ ಘಾತ. ನಮ್ಮ ಹಳೆಯ ಪುಸ್ತಕಗಳಲ್ಲಿದ್ದ 6.023 ಇನ್ನೂ ಹಿಂದಿನದು. ಅದನ್ನೇ ಬಾಯಿಪಾಠ ಮಾಡಿದವರು ಈಗಲೂ ಕಪ್ಪು ಹಲಗೆಯ ಮೇಲೆ ಅದನ್ನೇ ಬರೆಯುತ್ತಾರೆ.

ಕೊನೆಗೆ ಎಣಿಸಿದ್ದು ಹೇಗೆ ಎಂಬ ಕಥೆಯನ್ನು ಮಕ್ಕಳಿಗೆ ಹೇಳಲೇಬೇಕು. ರಷ್ಯದಲ್ಲಿ ಸಿಲಿಕಾನ್-28 ಎಂಬ ಒಂದೇ ಸಮಸ್ಥಾನಿಯನ್ನು ಬೇರ್ಪಡಿಸಿದರು. ಬರ್ಲಿನ್‌ನಲ್ಲಿ ಅದನ್ನು ಒಂದೇ ಹರಳಾಗಿ ಬೆಳೆಸಿದರು. ಆಸ್ಟ್ರೇಲಿಯದಲ್ಲಿ ಅದನ್ನು ಉಜ್ಜಿ ಉಜ್ಜಿ ಒಂದು ಕಿಲೋ ತೂಗುವ ಗೋಳ ಮಾಡಿದರು, ಅಡ್ಡಳತೆ ಸುಮಾರು 9.4 ಸೆಂ.ಮೀ. ಹರಳಿನ ಒಂದೊಂದು ಕೋಶದಲ್ಲಿ ಎಂಟು ಪರಮಾಣು. ಕೋಶದ ಅಳತೆಯನ್ನು ಕ್ಷಕಿರಣಗಳಿಂದ ತೆಗೆದರು, ಗೋಳದ ಅಳತೆಯನ್ನು ಲೇಸರ್‌ನಿಂದ ತೆಗೆದರು. ಗೋಳದ ಗಾತ್ರವನ್ನು ಕೋಶದ ಗಾತ್ರದಿಂದ ಭಾಗಿಸಿ ಎಂಟರಿಂದ ಗುಣಿಸಿದರೆ ಎಣಿಕೆ ಸಿಕ್ಕಿತು. ಲೆಕ್ಕ ಹೈಸ್ಕೂಲಿನದು, ಅದರ ಹಿಂದಿನ ಶ್ರಮ ಹಲವು ದೇಶಗಳದ್ದು. 2018ರ ನವೆಂಬರ್ 16ರಂದು ವರ್ಸೈಲ್ಸ್‌ನಲ್ಲಿ ಸೇರಿದ ರಾಷ್ಟ್ರಗಳು ಹೊಸ ವ್ಯಾಖ್ಯೆಗೆ ಒಪ್ಪಿದವು. 2019ರ ಮೇ 20ರಿಂದ ಅದು ಜಾರಿಗೆ ಬಂತು. ಈಗ ಒಂದು ಮೋಲ್ ಎಂದರೆ 6.02214076 × 10²³ ಕಣಗಳು, ಹೆಚ್ಚೂ ಇಲ್ಲ ಕಡಿಮೆಯೂ ಇಲ್ಲ. ಇನ್ನು ಮುಂದೆ ಅಳೆಯಬೇಕಾದದ್ದು ಕಾರ್ಬನ್-12ರ ಮೋಲಿನ ತೂಕವನ್ನು! ಅದು 12 ಗ್ರಾಂನಿಂದ ನೂರು ಕೋಟಿಯಲ್ಲಿ ಒಂದು ಪಾಲಿನಷ್ಟೂ ಆಚೀಚೆ ಇರಲಾರದು. ಆದರೂ ಯಜಮಾನಿಕೆ ಎಣಿಕೆಗೆ ಹೋಯಿತು. ತೂಕವಾಗಿ ಹುಟ್ಟಿದ ಪದ ಪೂರ್ತಿ ಎಣಿಕೆಯಾಗಲು ನೂರಿಪ್ಪತ್ತು ವರ್ಷಕ್ಕಿಂತ ಹೆಚ್ಚು ಹಿಡಿಯಿತು.

ಈ ಸಂಖ್ಯೆಯನ್ನು ನಮ್ಮ ಮಾತಿನಲ್ಲಿ ಹೇಳುವುದು ಸಾಧ್ಯವೇ ಎಂದು ಕೇಳುವವರಿಗೆ ಧಾರಾಳವಾಗಿ ಸಾಧ್ಯ ಎನ್ನುತ್ತೇನೆ. ಆಡುಮಾತಿನಲ್ಲಿ ಅದು ಆರುನೂರ ಎರಡು ಕೋಟಿ ಕೋಟಿ ಕೋಟಿ. ಅದಕ್ಕಿಂತ ಸೊಗಸಾದ ದಾರಿ ಒಂಬತ್ತನೆಯ ಶತಮಾನದಲ್ಲೇ ಇದೆ. ರಾಷ್ಟ್ರಕೂಟ ಅಮೋಘವರ್ಷ ನೃಪತುಂಗನ ಕಾಲದ ಮಹಾವೀರಾಚಾರ್ಯರು ಗಣಿತಸಾರಸಂಗ್ರಹದಲ್ಲಿ ಇಪ್ಪತ್ತನಾಲ್ಕು ಸ್ಥಾನಗಳಿಗೆ ಹೆಸರು ಕೊಟ್ಟಿದ್ದಾರೆ. ಏಕ, ದಶ, ಶತದಿಂದ ಹೊರಟು ಕೋಟಿ, ಅರ್ಬುದ, ಖರ್ವ, ಪದ್ಮ, ಶಂಖಗಳನ್ನು ದಾಟಿ ಇಪ್ಪತ್ತನಾಲ್ಕನೆಯದಾದ ಮಹಾಕ್ಷೋಭದಲ್ಲಿ ಆ ಪಟ್ಟಿ ನಿಲ್ಲುತ್ತದೆ. ಇಪ್ಪತ್ತನಾಲ್ಕನೆಯ ಸ್ಥಾನವೆಂದರೆ ಒಂದರ ಮುಂದೆ ಇಪ್ಪತ್ತಮೂರು ಸೊನ್ನೆ. ಒಂದು ಮೋಲ್ ಎಂದರೆ ಆರು ಮಹಾಕ್ಷೋಭಕ್ಕಿಂತ ತುಸು ಹೆಚ್ಚು. ಮಹಾವೀರಾಚಾರ್ಯರಿಗೆ ಅಣುಗಳನ್ನು ಎಣಿಸುವ ಉದ್ದೇಶವಿರಲಿಲ್ಲ, ಅವರ ಪಟ್ಟಿ ಇಲ್ಲೇ ನಿಂತದ್ದು ಕಾಕತಾಳೀಯ. ಆದರೂ ಅಷ್ಟು ದೂರದ ಸ್ಥಾನಕ್ಕೂ ಹೆಸರು ಬೇಕು ಅನ್ನಿಸಿದ ಮನಸ್ಸಿನ ಬಗ್ಗೆ ನನಗೆ ಗೌರವವಿದೆ.

ಮೋಲ್‌ಗೆ ಬೇರೆ ಕನ್ನಡ ಪದ ಹುಡುಕಬೇಕಿಲ್ಲ ಎಂಬುದು ನನ್ನ ಅಭಿಪ್ರಾಯ. ಎರಡು ಸೇರು ರಾಗಿ, ನಾಲ್ಕು ಮೊಳ ಹೂವು ಅನ್ನುವ ಹಾಗೆಯೇ ಎರಡು ಮೋಲ್ ನೀರು ಎಂಬುದು ನಾಲಿಗೆಗೆ ಒಗ್ಗಿದೆ. ಪಠ್ಯದ 'ಮೋಲಾರ್ ರಾಶಿ'ಯಲ್ಲಿ ಲ್ಯಾಟಿನ್ನಿನ ರಾಶಿ, ಕಣದ ರಾಶಿ ಎರಡೂ ಅಕ್ಕಪಕ್ಕ ಕೂತಿವೆ. ಎಚ್ಚರ ವಹಿಸಬೇಕಾದದ್ದು ಒಂದೇ ಕಡೆ. 'ಒಂದು ಮೋಲ್ ಆಮ್ಲಜನಕ' ಎಂದರೆ ಸಾಲದು. ಪರಮಾಣುಗಳೋ ಅಣುಗಳೋ ಹೇಳಬೇಕು. ಮೊದಲನೆಯದು 16 ಗ್ರಾಂ, ಎರಡನೆಯದು 32.

ಎಣಿಕೆ ಯಾಕೆ ಬೇಕು, ತೂಕವೇ ಸಾಲದೆ? ಚಿಂತಾಮಣಿಯನ್ನು ಹೆಸರಿನಲ್ಲೇ ಹೊತ್ತ ರಸಾಯನ ವಿಜ್ಞಾನಿ ಚಿಂತಾಮಣಿ ನಾಗೇಶ ರಾಮಚಂದ್ರ ರಾವ್ ಅವರ ಕ್ಷೇತ್ರದಿಂದ ಒಂದು ನಿದರ್ಶನ. 1987ರಲ್ಲಿ ಜಗತ್ತಿನ ಪ್ರಯೋಗಶಾಲೆಗಳೆಲ್ಲ ಇಟ್ರಿಯಂ, ಬೇರಿಯಂ, ತಾಮ್ರಗಳ ಒಂದು ಆಕ್ಸೈಡಿನ ಬೆನ್ನು ಹತ್ತಿದ್ದವು. ಬೆಂಗಳೂರಿನ ಭಾರತೀಯ ವಿಜ್ಞಾನ ಸಂಸ್ಥೆಯಲ್ಲಿ ರಾವ್ ಅವರ ತಂಡವೂ ಅದರ ಮೇಲೆ ಕೆಲಸ ಮಾಡಿತು. ದ್ರವ ಸಾರಜನಕದ ತಂಪಿನಲ್ಲೇ ವಿದ್ಯುತ್ತನ್ನು ತಡೆಯಿಲ್ಲದೆ ಹರಿಸುವ ವಸ್ತು ಅದು. ಅದರ ಅಡ್ಡಹೆಸರು 'ಒಂದು-ಎರಡು-ಮೂರು': ಇಟ್ರಿಯಂ ಒಂದಕ್ಕೆ ಬೇರಿಯಂ ಎರಡು, ತಾಮ್ರ ಮೂರು. ತಕ್ಕಡಿಯಲ್ಲಿ ನೋಡಿದರೆ ಅದು 89 ಗ್ರಾಂ, 275 ಗ್ರಾಂ, 191 ಗ್ರಾಂ. ಈ ತೂಕಗಳನ್ನು ಎಷ್ಟು ಹೊತ್ತು ದಿಟ್ಟಿಸಿದರೂ ಒಂದು-ಎರಡು-ಮೂರು ಕಾಣುವುದಿಲ್ಲ. ಜೊತೆಗೆ ಆಮ್ಲಜನಕ ಏಳರ ಹತ್ತಿರ ಇರಬೇಕು; ಆರರ ಹತ್ತಿರಕ್ಕೆ ಇಳಿದರೆ ಆ ಗುಣವೇ ಹೋಗುತ್ತದೆ.

ಅಷ್ಟು ದೂರವೂ ಹೋಗಬೇಕಿಲ್ಲ. ಚಿಕ್ಕಬಳ್ಳಾಪುರ ಜಿಲ್ಲೆಯಲ್ಲಿ ಕೊಳವೆಬಾವಿ ಆಳಕ್ಕಿಳಿದಂತೆ ಗ್ರಾನೈಟ್ ಬಂಡೆಯ ಖನಿಜಗಳಿಂದ ಫ್ಲೋರೈಡ್ ಕರಗಿ ನೀರಿಗೆ ಬಂದಿದೆ. ಎಷ್ಟೋ ಊರುಗಳಲ್ಲಿ ಅದು ಮಿತಿ ಮೀರಿದೆ, ಮಕ್ಕಳ ಹಲ್ಲಿನ ಕಂದು ಕಲೆಯಲ್ಲಿ ಕಾಣುತ್ತದೆ. ಭಾರತೀಯ ಮಾನಕ ಹೇಳುವ ಮಿತಿ ಲೀಟರಿಗೆ 1 ಮಿಲಿಗ್ರಾಂ. ಬೇರೆ ನೀರಿನ ಮೂಲವೇ ಇಲ್ಲದಿದ್ದರೆ 1.5. ಕಣ್ಣಿಗೆ ಏನೂ ಅಲ್ಲದ ಸಂಖ್ಯೆ. ಇದನ್ನು ಮೋಲ್‌ಗೆ ತನ್ನಿ. ಫ್ಲೋರಿನ್ ಪರಮಾಣುತೂಕ 19. 1.5 ಮಿಲಿಗ್ರಾಂ ಎಂದರೆ ಒಂದು ಮೋಲಿನ ಲಕ್ಷದಲ್ಲಿ ಎಂಟು ಪಾಲು. ಕಣಗಳ ಲೆಕ್ಕದಲ್ಲಿ ಒಂದು ಲೀಟರಿನಲ್ಲಿ 4.75 × 10¹⁹, ಮಹಾವೀರಾಚಾರ್ಯರ ಮಾತಿನಲ್ಲಿ ಐದು ಮಹಾಶಂಖದ ಹತ್ತಿರ. ಅದೇ ಲೀಟರಿನಲ್ಲಿ ನೀರು 55 ಮೋಲ್‌ಗಿಂತ ಹೆಚ್ಚು. ಭಾಗಿಸಿದರೆ ಏಳು ಲಕ್ಷ ನೀರಿನ ಅಣುಗಳ ನಡುವೆ ಒಂದೇ ಒಂದು ಫ್ಲೋರೈಡ್. ಅಷ್ಟು ವಿರಳವಾದದ್ದು ವರ್ಷಗಟ್ಟಲೆ ಕುಡಿದಾಗ ಮೂಳೆಯವರೆಗೆ ಹೋಗುತ್ತದೆ, ಮೂಳೆಯ ಖನಿಜದಲ್ಲಿ ಒಂದು ಹೈಡ್ರಾಕ್ಸೈಡ್ ಇದ್ದಲ್ಲಿ ಒಂದು ಫ್ಲೋರೈಡ್ ಬಂದು ಕೂರುತ್ತದೆ. ಒಂದಕ್ಕೆ ಒಂದು. ಮೂಳೆಗೆ ಗೊತ್ತಿರುವುದು ಈ ಎಣಿಕೆ.

ಕ್ಯಾಲ್ಸಿಯಂ ವಿಷಯದಲ್ಲಿ ತೂಕ ನಮ್ಮನ್ನು ಇನ್ನೂ ಚೆನ್ನಾಗಿ ಏಮಾರಿಸುತ್ತದೆ. ನೀರಿನಲ್ಲಿ ಕ್ಯಾಲ್ಸಿಯಂ ಸಾಕಷ್ಟಿದ್ದರೆ ಅದು ಫ್ಲೋರೈಡನ್ನು ಹಿಡಿದು ಕರಗದ ಫ್ಲೋರೈಟ್ ಆಗಿ ಕೆಳಗೆ ಕೂರಿಸುತ್ತದೆ. ಕ್ಯಾಲ್ಸಿಯಂ ಕಡಿಮೆಯಿರುವ ಮೆದು ನೀರಿನಲ್ಲಿ ಫ್ಲೋರೈಡ್ ಏರುವುದು ಇದರಿಂದಲೇ. 40 ಗ್ರಾಂ ಕ್ಯಾಲ್ಸಿಯಂ ಹಿಡಿಯುವ ಫ್ಲೋರೈಡ್ 38 ಗ್ರಾಂ. ತೂಕ ನೋಡಿದರೆ ಒಂದಕ್ಕೆ ಒಂದು ಅನ್ನಿಸುತ್ತದೆ. ಎಣಿಸಿದರೆ ಒಂದು ಕ್ಯಾಲ್ಸಿಯಂ ಎರಡು ಫ್ಲೋರೈಡ್‌ಗಳನ್ನು ಹಿಡಿದಿರುತ್ತದೆ. ಇದೇ ರೀತಿ ನೈಟ್ರೇಟಿನ ಮಿತಿ ಲೀಟರಿಗೆ 45 ಮಿಲಿಗ್ರಾಂ. ಫ್ಲೋರೈಡಿನ 1.5ರ ಮೂವತ್ತು ಪಟ್ಟು ಸಡಿಲವಾಗಿ ಕಾಣುತ್ತದೆ. ನೈಟ್ರೇಟ್ ಅಯಾನು ಭಾರದ್ದು, 62. ಎಣಿಕೆಯಲ್ಲಿ ವ್ಯತ್ಯಾಸ ಒಂಬತ್ತು ಪಟ್ಟು ಮಾತ್ರ.

ಇಲ್ಲಿ ಇನ್ನೊಂದು ಮಾತು ಹೇಳದೆ ಇರಲಾರೆ. ಶುದ್ಧ ನೀರಿನ ಘಟಕದ ಮುಂದೆ ಕ್ಯಾನಿಗೆ ಟಿಡಿಎಸ್ ಮೀಟರ್ ಅದ್ದಿ, ಸಂಖ್ಯೆ ಕಡಿಮೆ ತೋರಿಸಿತೆಂದು ನೆಮ್ಮದಿ ಪಡುವವರು ಬಹಳ. ಆ ಮೀಟರ್ ನೋಡುವುದು ನೀರು ಎಷ್ಟು ವಿದ್ಯುತ್ ಹರಿಸುತ್ತದೆ ಎಂಬುದನ್ನು. ಅದರಿಂದ ಕರಗಿದ ಲವಣಗಳ ಒಟ್ಟು ಮೊತ್ತವನ್ನು ಅಂದಾಜು ಮಾಡುತ್ತದೆ. ಲೀಟರಿಗೆ 300 ಮಿಲಿಗ್ರಾಂ ತೋರಿಸುವ ನೀರಿನಲ್ಲಿ ಫ್ಲೋರೈಡ್ ಅರ್ಧ ಮಿಲಿಗ್ರಾಂ ಇದೆಯೋ ಮೂರು ಇದೆಯೋ ಅದು ಹೇಳಲಾರದು. ಕಣ ಯಾವುದು ಎಂದು ಕೇಳದ ಸಂಖ್ಯೆಯ ಮಿತಿ ಅದು. ಮೋಲ್ ಎಂಬ ಪದ ಆ ಪ್ರಶ್ನೆಯನ್ನು ಕೇಳದೆ ಮುಂದಕ್ಕೆ ಹೋಗಲು ಬಿಡುವುದಿಲ್ಲ. ಅದಕ್ಕಾಗಿಯೇ ಆ ಪದ ಪರೀಕ್ಷೆಯ ಹಾಳೆಯಲ್ಲೇ ಉಳಿಯದೆ ಮಕ್ಕಳ ಮನೆಗೂ ಹೋಗಬೇಕು ಎಂದು ನನಗೆ ಬಲವಾಗಿ ಅನ್ನಿಸುತ್ತದೆ.

ಚಿಕ್ಕಬಳ್ಳಾಪುರ, ಚಿಂತಾಮಣಿ, ಗೌರಿಬಿದನೂರು, ಶಿಡ್ಲಘಟ್ಟದ ಪಿಯು ಕಾಲೇಜುಗಳಲ್ಲಿ ರಸಾಯನಶಾಸ್ತ್ರ ಕಲಿಸುವವರಲ್ಲಿ ಒಂದು ಕೇಳಿಕೆ. ಮೋಲ್ ಪಾಠದ ದಿನ ಪುಸ್ತಕದ ಲೆಕ್ಕವನ್ನು ಸ್ವಲ್ಪ ಬದಿಗಿಡಿ. ವಿದ್ಯಾರ್ಥಿಗಳ ಊರಿನ ಕೊಳವೆಬಾವಿಯ ನೀರಿನ ಪರೀಕ್ಷಾ ವರದಿಯನ್ನು ಪಂಚಾಯಿತಿಯಲ್ಲಿ ಕೇಳಿ ತನ್ನಿ. ಫ್ಲೋರೈಡ್ ಎಂದು ಬರೆದಿರುವ ಸಾಲನ್ನು ಹಲಗೆಯ ಮೇಲೆ ಬರೆಯಿರಿ. 19ರಿಂದ ಭಾಗಿಸಲಿ, 6.022 × 10²³ರಿಂದ ಗುಣಿಸಲಿ, ಒಂದು ಲೋಟದಲ್ಲಿ ಎಷ್ಟು ಬಂತು ಎಂದು ಕನ್ನಡದಲ್ಲೇ ಓದಿ ಹೇಳಲಿ. ಯಾವ ಕಣದ ಎಣಿಕೆ ಎಂದು ಬರೆಯದ ಉತ್ತರಕ್ಕೆ ಅಂಕ ಕೊಡಬೇಡಿ.